ಪಿರಿಯಾಪಟ್ಟಣದ ಮೈಕಿನಲ್ಲಿ ಸ್ಪ್ಯಾನಿಶ್

“ಮೇಡಂ, ನಿಮ್ಮ ಅಣ್ಣನ ಮಗಳು ಯಾರೋ ಫಾರಿನ್ನೋನ್ ಹಿಂದೆ ಬಿದ್ದವ್ಳಂತೆ. ನಿಜವಾ?”

ಹುಣಸೂರು ಬಸ್ ಸ್ಟ್ಯಾಂಡು. ಬೆಳಗಿನ ಹೊತ್ತು. ನಾನು ಸ್ಕೂಲಿಗೆ ಹೋಗುವ ಅವಸರದಲ್ಲಿದ್ದೆ. ಕೇಳಿದಾಕೆ ನನ್ನ ಹಳೆಯ ವಿದ್ಯಾರ್ಥಿಯೊಬ್ಬನ ತಾಯಿ. ಕೇಳಿದ್ದು ಹೇಗೆ ಅಂತೀರಿ? ಸೊಪ್ಪಿನ ರೇಟು ಕೇಳುವ ಹಾಗೆ. (ಹುಣಸೂರಿನಲ್ಲಿ ಸೊಪ್ಪು ಅಂದರೆ ಹೊಗೆಸೊಪ್ಪು. ಪಾಲಕ್ ಅಂದುಕೊಳ್ಳಬೇಡಿ.)

“ಯಾರು ಹೇಳಿದ್ದು?” ಅಂದೆ.

“ಎಲ್ರೂ ಅಂತಾವ್ರೆ. ನಮ್ ತಂಗೀನ ಸಾಲಿಗ್ರಾಮಕ್ಕೇ ಕೊಟ್ಟಿರೋದು. ಅವ್ಳು ಅಂದ್ಲು. ಆ ಮಗ ಊಟ ಬಿಟ್ಟು ಅಳ್ತಾ ಕೂತದಂತೆ. ಗಂಡು ಬೇರೆ ನೋಡ್ತಾವ್ರಂತೆ.”

ನನಗೆ ಸಿಟ್ಟು ಬಂತು. ಅದಕ್ಕಿಂತ ಹೆಚ್ಚಾಗಿ ನಗು ಬಂತು. ಯಾಕೆಂದರೆ ಆ ‘ಫಾರಿನ್ನೋನು’ ಯಾರು ಅಂತ ನನಗೆ ಗೊತ್ತಿತ್ತು. ಅರವತ್ತು ದಾಟಿದ ಮನುಷ್ಯ. ನೆರೆತ ಮೀಸೆ. ಎಡಗಾಲಿನ ಮಂಡಿಗೆ ಸದಾ ಒಂದು ಪಟ್ಟಿ. ಮೆಟ್ಟಿಲು ಹತ್ತುವಾಗ “ಅಯ್ಯಯ್ಯೋ” ಅನ್ನುತ್ತಿದ್ದರಂತೆ, ಅಪ್ಪಟ ಕನ್ನಡದಲ್ಲಿ. ಇಂಥವರ ಹಿಂದೆ ಬೀಳುವುದಿರಲಿ, ಅವರು ಬೀಳದಂತೆ ಯಾರಾದರೂ ಹಿಂದೆ ನಿಲ್ಲಬೇಕಿತ್ತು.

ಆದರೆ ಗಂಡು ನೋಡುತ್ತಿದ್ದಾರೆ ಅನ್ನುವ ಮಾತು ಮಾತ್ರ ನಗುವಂಥದ್ದಾಗಿರಲಿಲ್ಲ. ಅವತ್ತು ಸ್ಕೂಲಿಗೆ ರಜೆ ಹಾಕಿದೆ. ಸಾಲಿಗ್ರಾಮದ ಕಡೆಯ ಬಸ್ಸು ಹತ್ತಿದೆ.

ಕಥೆಯನ್ನು ಸ್ವಲ್ಪ ಹಿಂದಿನಿಂದ ಹೇಳಬೇಕು.

ನನ್ನಣ್ಣ ಮಹದೇವಪ್ಪ. ಸಾಲಿಗ್ರಾಮದಲ್ಲಿ ಗೊಬ್ಬರ, ಬಿತ್ತನೆ ಬೀಜದ ಅಂಗಡಿ. ಮಾತು ಕಮ್ಮಿ. ಅಂಗಡಿಗೆ ಬಂದವರು ಹತ್ತು ಮಾತಾಡಿದರೆ ಇವನದು “ಹೂಂ” ಅಂತ ಒಂದು. ಅವನಿಗೆ ಒಬ್ಬಳೇ ಮಗಳು, ಪವಿತ್ರ. ನಮಗೆಲ್ಲ ಪವಿ. ಹೈಸ್ಕೂಲಿನಲ್ಲೇ ಅಪ್ಪನ ಎತ್ತರ ಮುಟ್ಟಿದವಳು. “ಇಷ್ಟು ಉದ್ದ ಬೆಳೆದರೆ ಗಂಡು ಎಲ್ಲಿಂದ ತರೋದು?” ಅಂತ ಅತ್ತಿಗೆ ಚಿಂತೆ ಮಾಡುತ್ತಿದ್ದ ಕಾಲದಲ್ಲೇ ಅವಳು ವಾಲಿಬಾಲ್ ಹಿಡಿದಿದ್ದಳು.

ನಮ್ಮ ಕಡೆ ವಾಲಿಬಾಲ್ ಹುಚ್ಚು ನಿಮಗೆ ಗೊತ್ತೇ ಇದೆ. ಎರಡು ಕಂಬ ನೆಟ್ಟು ಬಲೆ ಕಟ್ಟಿದರೆ ಊರೇ ಸೇರುತ್ತದೆ. ಆದರೆ ಆಡುವವರು ಗಂಡು ಹುಡುಗರು. ಹೆಣ್ಣುಮಕ್ಕಳು ಆಡಿದರೆ? ಆಗಲೂ ಊರೇ ಸೇರುತ್ತದೆ. ಬೇರೆ ಕಾರಣಕ್ಕೆ.

ಪವಿ ಆಟದಲ್ಲಿ ಲಿಫ್ಟರ್. ಅಂದರೆ ಹೊಡೆಯುವವರಿಗೆ ಚೆಂಡನ್ನು ಎತ್ತಿ ಕೊಡುವವಳು. ಚಪ್ಪಾಳೆ ಚೆಂಡು ಹೊಡೆದವರಿಗೆ ಹೋಗುತ್ತದೆ, ಕೆಲಸವೆಲ್ಲ ಎತ್ತಿಕೊಟ್ಟವಳದು. (ಅಡುಗೆಮನೆಯ ಹೆಂಗಸರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.) ಪಿಯುಸಿಗೆ ಬಂದಾಗ ಮೈಸೂರಿನ ಒಂದು ಸ್ಪೋರ್ಟ್ಸ್ ಹಾಸ್ಟೆಲಿಗೆ ಆಯ್ಕೆಯಾದಳು. ಅಣ್ಣ ಒಪ್ಪಲಿಲ್ಲ. ನಾನು ಹೋಗಿ ಜಗಳ ಆಡಿದೆ. ಕೊನೆಗೆ “ಹೂಂ” ಅಂದ.

ಆ ಹಾಸ್ಟೆಲಿಗೆ ಬಂದ ಕೋಚ್ ಕ್ಯೂಬಾದವರು. ಹೆಸರು ರಾಮೋನ್. ಬಂದ ವಾರದಲ್ಲೇ ಅಡುಗೆಯವರು ಅವರನ್ನು ರಾಮಣ್ಣ ಮಾಡಿದ್ದರು. ಹುಡುಗಿಯರಿಗೆ ಮಾತ್ರ ಅವರು ‘ಪ್ರೋಫೆ’. ಅವರ ಭಾಷೆಯಲ್ಲಿ ಹಾಗಂದರೆ ಮೇಷ್ಟ್ರು. ಭಾಷೆ ಸ್ಪ್ಯಾನಿಶ್. ಇಂಗ್ಲಿಷು ಅವರಿಗೂ ಅಷ್ಟಕ್ಕಷ್ಟೆ, ನಮ್ಮ ಹುಡುಗಿಯರಿಗೂ ಅಷ್ಟಕ್ಕಷ್ಟೆ. ಹಾಗಾಗಿ ಎರಡು ಕಡೆಯವರೂ ನಾಚಿಕೆಯಿಲ್ಲದೆ ಮಾತಾಡುತ್ತಿದ್ದರು. ಅವರು “ಬೇಗ ಬೇಗ”, “ಮೇಲೆ ಮೇಲೆ” ಕಲಿತರು. ಇವರು “ಅರ್ರೀಬಾ” ಕಲಿತರು. ಅದಕ್ಕೂ ಮೇಲೆ ಅಂತಲೇ ಅರ್ಥ.

ನಾನು ಅವರನ್ನು ನೋಡಿದ್ದು ಒಂದೇ ದಿನ. ಆದರೆ ಮರೆಯುವ ದಿನವಲ್ಲ.

ಹೋದ ವರ್ಷ ಸೊಪ್ಪು ಬೇಯಿಸುವ ಕಾಲ. ಎಚ್.ಡಿ. ಕೋಟೆಯ ಸ್ಕೂಲ್ ಮೈದಾನದಲ್ಲಿ ಒಂದು ಪ್ರದರ್ಶನ ಪಂದ್ಯ. ಹುಡುಗಿಯರ ವ್ಯಾನು ಹುಣಸೂರಿನ ನಮ್ಮ ಮನೆಯ ಮುಂದೆ ನಿಂತಿತು. ಎಲ್ಲರಿಗೂ ಅಕ್ಕಿರೊಟ್ಟಿ ಮಾಡಿದ್ದೆ. ಹುಡುಗಿಯರು ದಬದಬ ಇಳಿದು ಒಳಗೆ ಬಂದರು. ಪ್ರೋಫೆ ಬರಲಿಲ್ಲ.

ಹೊರಗೆ ಹೋಗಿ ನೋಡಿದರೆ ಮನೆಯ ಹಿಂದೆ ನಿಂತಿದ್ದಾರೆ. ಅಲ್ಲಿ ಪಕ್ಕದವರ ಬ್ಯಾರನ್ ಇದೆ, ಹೊಗೆಸೊಪ್ಪನ್ನು ನೇತುಹಾಕಿ ಬೇಯಿಸುವ ಎತ್ತರದ ಮನೆ. ಸಿಹಿಯೂ ಅಲ್ಲದ ಕಹಿಯೂ ಅಲ್ಲದ ಆ ವಾಸನೆ ನಮಗೆ ಮೂಗಿಗೇ ಹತ್ತುವುದಿಲ್ಲ. ಅವರು ಗೋಡೆಗೆ ಕೈ ಊರಿ, ಕಣ್ಣು ಮುಚ್ಚಿ, ಎದೆ ತುಂಬ ಉಸಿರೆಳೆಯುತ್ತಿದ್ದರು. ಕ್ಯೂಬಾದಲ್ಲಿ ಅವರ ಊರಿನ ತುಂಬಾ ಕಬ್ಬು ಮತ್ತು ಹೊಗೆಸೊಪ್ಪು. ಅಂದರೆ ಕಬ್ಬಿನ ಕೆ.ಆರ್. ನಗರವನ್ನೂ ಸೊಪ್ಪಿನ ಹುಣಸೂರನ್ನೂ ಒಟ್ಟಿಗೆ ಕಟ್ಟಿದ ಹಾಗೆ.

ನನ್ನ ಹಿಂದೆಯೇ ಬಂದ ಪವಿ ಕೇಳಿದಳು, “ಪ್ರೋಫೆ, ವಾಟ್ ಹ್ಯಾಪನ್ಡ್?”

“ಎಸ್ತ್ರಾನ್ಯೋ,” ಅಂದರು. ಕಣ್ಣು ಒದ್ದೆ. “ಎಸ್ತ್ರಾನ್ಯೋ ಮಿ ಕಾಸಾ.”

“ಎಕ್ಸ್‌ಟ್ರಾನಾ?” ಅಂದಳು ಪವಿ. “ಏನ್ ಎಕ್ಸ್‌ಟ್ರಾ?”

ಅವರು ನಕ್ಕರು. ಹೇಳಲು ನೋಡಿದರು. ಇಂಗ್ಲಿಷ್ ಸಿಗಲಿಲ್ಲ. “ಗ್ರೌಂಡ್, ಗ್ರೌಂಡ್” ಅಂದು ಕೈ ಆಡಿಸಿದರು. ಮೈದಾನಕ್ಕೆ ಹೋದಮೇಲೆ ತೋರಿಸುತ್ತೇನೆ ಅಂತ.

ಅವತ್ತು ಭಾನುವಾರ. ನಾನೂ ವ್ಯಾನು ಹತ್ತಿದೆ.

ಕೋಟೆಯ ಮೈದಾನದಲ್ಲಿ ಪಂದ್ಯಕ್ಕೆ ಮುಂಚೆ ಆರೂ ಜನರನ್ನು ಅವರವರ ಜಾಗದಲ್ಲಿ ನಿಲ್ಲಿಸಿದರು. ಆಮೇಲೆ ಪವಿಯ ಕೈ ಹಿಡಿದು ಕರೆತಂದು ಕಂಬದ ಪಕ್ಕ ನಿಲ್ಲಿಸಿದರು. ಉಳಿದ ಐವರಿಗೆ “ಆಡಿ” ಅಂದರು. ಆಚೆಯಿಂದ ಚೆಂಡು ಬಂತು. ಹಿಂದಿನವಳು ಅಭ್ಯಾಸ ಬಲದಿಂದ ಅದನ್ನು ಪವಿ ಇರುವ ಜಾಗಕ್ಕೇ ಕಳಿಸಿದಳು. ಪವಿ ಎಲ್ಲಿದ್ದಾಳೆ? ಚೆಂಡು ಧೊಪ್ಪನೆ ಮಣ್ಣಿಗೆ ಬಿತ್ತು. ಇನ್ನೊಂದು ಚೆಂಡು. ಅದೂ ಅಲ್ಲೇ ಬಿತ್ತು.

ಪ್ರೋಫೆ ಕುಂಟುತ್ತಾ ಹೋಗಿ ಆ ಖಾಲಿ ಜಾಗದ ಮೇಲೆ ಬೆರಳಿಟ್ಟರು. ಪವಿಯ ಕಡೆ ನೋಡಿ ಹೇಳಿದರು, “ಮೆ ಆಸೆಸ್ ಫಾಲ್ತಾ.”

ಹುಡುಗಿಯರಿಗೆ ‘ಫಾಲ್ತಾ’ ಮೊದಲೇ ಗೊತ್ತಿತ್ತು. ಬಲೆ ಮುಟ್ಟಿದರೆ, ಗೆರೆ ತುಳಿದರೆ ಅವರು ಕೂಗುತ್ತಿದ್ದ ಮಾತು ಅದು. ಫೌಲ್ ಅಂತ. ಅದೇ ಮಾತಿಗೆ ಇನ್ನೊಂದು ಅರ್ಥ ಇದೆ ಅಂತ ಅವತ್ತು ಗೊತ್ತಾಯಿತು. ಕೊರತೆ. ಮೆ ಆಸೆಸ್ ಫಾಲ್ತಾ. ನೀನಿಲ್ಲದೆ ನನಗೊಂದು ಕೊರತೆ. ನಿನ್ನ ಜಾಗ ಖಾಲಿ ಇದೆ, ಅಲ್ಲಿ ಬಂದದ್ದೆಲ್ಲ ನೆಲಕ್ಕೆ ಬೀಳುತ್ತಿದೆ. ಬ್ಯಾರನ್ನಿನ ಹತ್ತಿರ ಅಂದ ‘ಎಸ್ತ್ರಾನ್ಯೋ’ವೂ ಇದೇ, ಮನೆಯ ಕೊರತೆ.

ಮೂವತ್ತು ಮಕ್ಕಳ ಕ್ಲಾಸಿನಲ್ಲಿ ವರ್ಷಗಟ್ಟಲೆ ಪಾಠ ಮಾಡಿದ್ದೇನೆ. ಒಂದು ಮಾತಿನ ಅರ್ಥವನ್ನು ಇಷ್ಟು ಚೆನ್ನಾಗಿ ಯಾರಿಗೂ ಕಲಿಸಿದ ನೆನಪಿಲ್ಲ.

ಈ ವರ್ಷ ದೀಪಾವಳಿಗೆ ಹುಡುಗಿಯರು ಊರಿಗೆ ಹೋಗಿದ್ದರು. ವಾಪಸ್ಸು ಬಂದಾಗ ಪ್ರೋಫೆ ರೂಮು ಖಾಲಿ. ಅವರ ಒಪ್ಪಂದ ಮುಗಿದಿತ್ತು. ಮುಂದುವರಿಯುತ್ತದೆ ಅಂದುಕೊಂಡಿದ್ದರಂತೆ, ಮುಂದುವರಿಯಲಿಲ್ಲ. ಟಿಕೆಟ್ ಬಂತು, ಹೊರಟುಬಿಟ್ಟರು. ಅಡುಗೆಯವರ ಹತ್ತಿರ ಊರಿನ ಒಂದು ಫೋನ್ ನಂಬರ್ ಕೊಟ್ಟು ಹೋಗಿದ್ದರು. ಅದೂ ಪಕ್ಕದ ಮನೆಯವರದು.

ಹೋಗಿಬರುತ್ತೇನೆ ಅಂತ ಹೇಳಲೂ ಆಗಲಿಲ್ಲ. ಹೋಗಿಬನ್ನಿ ಅನ್ನಲೂ ಆಗಲಿಲ್ಲ.

ಪವಿಯ ಕೈ ಆಮೇಲೆ ನೆಟ್ಟಗಾಗಲೇ ಇಲ್ಲ. ಎತ್ತಿದ ಚೆಂಡು ಬಲೆಗೆ ತಾಗುವುದು, ಇಲ್ಲವೆ ಆಕಾಶಕ್ಕೆ ಹೋಗುವುದು. ಹೊಸ ಕೋಚ್ ಬೈದರು. ಟೀಮಿನಿಂದ ಹೊರಗೆ ಕೂರಿಸಿದರು. ಒಂದು ದಿನ ಬ್ಯಾಗು ತುಂಬಿಕೊಂಡು ಊರಿಗೆ ಬಂದುಬಿಟ್ಟಳು.

ಮನೆಯಲ್ಲಿ ಸುಮ್ಮನೆ ಅಳುತ್ತಾ ಕೂತವಳನ್ನು ಪಕ್ಕದ ಮನೆಯಾಕೆ ಕೇಳಿದ್ದಾಳೆ, “ಯಾಕವ್ವ?” ಇವಳು ನಿಜ ಹೇಳಿದ್ದಾಳೆ. “ಸರ್ ನೆನಪಾಗ್ತಾರೆ.”

ಅಷ್ಟೇ. ಎರಡೇ ಮಾತು. ಆ ಎರಡು ಮಾತು ಪಕ್ಕದ ಬೀದಿಗೆ ಹೋಗುವಾಗ ಸರ್‌ಗೆ ವಯಸ್ಸು ಕಮ್ಮಿಯಾಯಿತು. ಕೆ.ಆರ್. ನಗರಕ್ಕೆ ಹೋಗುವಾಗ ಮೀಸೆ ಕಪ್ಪಾಯಿತು. ಹುಣಸೂರು ಬಸ್ ಸ್ಟ್ಯಾಂಡಿಗೆ ಬರುವ ಹೊತ್ತಿಗೆ ಲವ್ ಆಗಿತ್ತು.

ನಾನು ಹೋದಾಗ ಅಣ್ಣ ಅಂಗಡಿಯಲ್ಲಿದ್ದ. ನನ್ನ ಮುಖ ನೋಡಿದವನೇ ಮೂಟೆಗಳ ಕಡೆ ತಿರುಗಿಕೊಂಡ.

“ಅಣ್ಣ, ಗಂಡು ನೋಡ್ತಿದ್ದೀಯಂತೆ?”

“ಹೂಂ. ಬರೋ ಭಾನ್ವಾರ ಬತ್ತಾರೆ.”

“ಆ ಮೇಷ್ಟ್ರು ಅರವತ್ತು ದಾಟಿದೋರು. ಮೊಮ್ಮಗಳಿದ್ದಾಳೆ ಅವರಿಗೆ. ಆ ಮನುಷ್ಯನ್ನ ನಾನು ಕಣ್ಣಾರೆ ನೋಡಿದ್ದೀನಿ.”

“ನಂಗೊತ್ತು ಕಣವ್ವ,” ಅಂದ. ಅವನ ದನಿ ಸಣ್ಣದಾಗಿತ್ತು. “ನನ್ ಮಗಳು ಎಂಥೋಳು ಅಂತ ನಂಗೊತ್ತಿಲ್ವಾ? ನಂಗೊತ್ತು. ಊರ್ಗೆ ಗೊತ್ತಾ? ಗೊಬ್ಬರ ತಗೊಳಾಕ್ ಬಂದೋರೆಲ್ಲ ನನ್ ಮುಖ ನೋಡ್ಕಂಡ್ ಓಯ್ತಾರೆ.”

ಪವಿಯನ್ನೇ ಕೇಳೋಣ ಅಂತ ಮನೆಗೆ ಹೋದೆ.

ಪವಿ ಹಿತ್ತಲಿನಲ್ಲಿ ಕೂತಿದ್ದಳು. ನಾನು ಪಕ್ಕದಲ್ಲಿ ಕೂತೆ.

“ಅತ್ತೆ,” ಅಂದಳು. “ನಾನು ಏನ್ ತಪ್ಪು ಹೇಳ್ದೆ? ನೆನಪಾಗ್ತಾರೆ ಅಂದೆ. ಅದು ಬಿಟ್ಟು ಬೇರೆ ಹೆಂಗ್ ಹೇಳ್ಬೇಕಿತ್ತು? ನೀವು ಕನ್ನಡ ಮೇಡಂ ಅಲ್ವಾ, ಹೇಳಿ.”

ಕನ್ನಡ ಮೇಡಂ ಯೋಚನೆ ಮಾಡಿದಳು. ಹಂಬಲ? ಆ ಮಾತು ಕೇಳಿದರೆ ಊರಿನವರು ಮಂಟಪವನ್ನೇ ಬುಕ್ ಮಾಡಿಬಿಡುತ್ತಾರೆ. ವಿರಹ? ದೇವರೇ ಕಾಪಾಡಬೇಕು. ಹೋಗಲಿ, ಇಂಗ್ಲಿಷಿನ ‘ಮಿಸ್ ಯೂ’? ಅಂಗಡಿಯಲ್ಲಿ ಆ ಮಾತಿರುವ ಗ್ರೀಟಿಂಗ್ ಕಾರ್ಡ್ ಕೇಳಿ ನೋಡಿ. ಕೆಂಪು ಹೃದಯ, ಎರಡು ಪಾರಿವಾಳ ಇಲ್ಲದ ಒಂದು ಕಾರ್ಡೂ ಸಿಗುವುದಿಲ್ಲ.

ಹೆಣ್ಣು ಮಗಳೊಬ್ಬಳು ತನ್ನ ಅಪ್ಪನಲ್ಲದ, ಅಣ್ಣನಲ್ಲದ, ಗಂಡನಲ್ಲದ ಒಬ್ಬ ಒಳ್ಳೆಯ ಮನುಷ್ಯನನ್ನು ನೆನೆಸಿಕೊಂಡು ಅಳಬೇಕಾದರೆ ಅವಳಿಗೆ ನಾವು ಯಾವ ಮಾತು ಕೊಟ್ಟಿದ್ದೇವೆ? ಮಾತು ಇಲ್ಲವೆಂದಲ್ಲ. ಇರುವ ಮಾತಿಗೆಲ್ಲ ನಾವೇ ಮಸಿ ಬಳಿದಿಟ್ಟಿದ್ದೇವೆ.

“ಅವ್ರ್ ಭಾಷೇಲಾದ್ರೆ ಸಲೀಸು ಅತ್ತೆ,” ಅಂದಳು ಪವಿ. “ಮೆ ಆಸೆಸ್ ಫಾಲ್ತಾ. ಅಷ್ಟೇ. ಅಜ್ಜಿಗೂ ಹೇಳ್ಬೋದು, ಫ್ರೆಂಡ್‌ಗೂ ಹೇಳ್ಬೋದು, ಮೇಷ್ಟ್ರಿಗೂ ಹೇಳ್ಬೋದು. ಯಾರೂ ಏನೂ ಅಂದ್ಕೊಳಲ್ಲ.”

“ಹೇಳಿದ್ದೀಯಾ ಅವರಿಗೆ?”

“ಇಲ್ಲ.”

“ನಂಬರ್ ಇದೆಯಲ್ಲ?”

“ಬಾಯಿಪಾಠ ಐತೆ. ಮಾಡಿಲ್ಲ. ಏನಂತ ಮಾಡ್ಲಿ? ಆಟ ಬಿಟ್ಬಿಟ್ಟೆ ಪ್ರೋಫೆ ಅನ್ಲಾ?”

ನಾನು ಎದ್ದೆ. ಸೀದಾ ಅಂಗಡಿಗೆ ಹೋದೆ. ಮೂಟೆಯ ಹಿಂದೆ ಸೇರಿಕೊಳ್ಳಲು ನೋಡಿದ ಅಣ್ಣನನ್ನು ಹೆಸರು ಹಿಡಿದು ಕರೆದೆ. (ಹುಟ್ಟಿದ ಮೇಲೆ ಅದೇ ಮೊದಲು.)

“ಮಹದೇವಪ್ಪನವರೇ, ಅಂಗಡಿ ಬಾಗಿಲು ಹಾಕಿ. ಕೆ.ಆರ್. ನಗರಕ್ಕೆ ಹೋಗೋಣ. ನಿಮ್ಮ ಮಗಳು ಒಂದು ಫೋನ್ ಮಾಡ್ಬೇಕು. ನೀವು ಪಕ್ಕದಲ್ಲಿ ನಿಂತು ಕೇಳ್ಬೇಕು. ಕೇಳಿದ ಮೇಲೂ ಭಾನುವಾರ ಗಂಡು ಬರಲಿ ಅಂದ್ರೆ ಉಪ್ಪಿಟ್ಟು ನಾನೇ ಮಾಡ್ತೀನಿ.”

ಅಣ್ಣ ನನ್ನನ್ನೇ ನೋಡಿದ. ಬಾಗಿಲು ಎಳೆದ.

ಕೆ.ಆರ್. ನಗರದ ಬಸ್ ಸ್ಟ್ಯಾಂಡಿನ ಹತ್ತಿರ ಒಂದು ಐಎಸ್‌ಡಿ ಬೂತು. ಇಲ್ಲಿ ಸಂಜೆಯಾಗಿತ್ತು. ಅಲ್ಲಿ ಬೆಳಿಗ್ಗೆ. ಬೂತಿನವರಿಗೆ ಕ್ಯೂಬಾ ಅಂದಾಗ “ದುಬೈನಾ?” ಅಂದರು. ಪುಸ್ತಕ ನೋಡಿ ಕೋಡ್ ಹುಡುಕಿದರು. ಸ್ಪೀಕರ್ ಹಾಕಿ ಅಂತ ನಾನೇ ಕೇಳಿಕೊಂಡೆ. ಗಾಜಿನ ಡಬ್ಬದೊಳಗೆ ನಾವು ಮೂವರು. ಅಣ್ಣ ಕೈಕಟ್ಟಿ ನಿಂತಿದ್ದ.

ಮೊದಲ ಸಲ ತಗಲಲಿಲ್ಲ. ಎರಡನೇ ಸಲವೂ ಇಲ್ಲ. ಮೂರನೇ ಸಲ ಯಾವುದೋ ಹೆಂಗಸಿನ ದನಿ. ಪವಿ “ಪ್ರೋಫೆ ರಾಮೋನ್, ಪ್ರೋಫೆ ರಾಮೋನ್” ಅಂದಳು. ಆ ಕಡೆ ಆಕೆ ಕಿಟಕಿಯಿಂದ ಕೂಗಿದ್ದು ನಮಗೂ ಕೇಳಿಸಿತು. ನಾಯಿ ಬೊಗಳಿದ್ದು ಕೇಳಿಸಿತು. ಆಮೇಲೆ ಕುಂಟು ಹೆಜ್ಜೆ. ಆಮೇಲೆ ಏದುಸಿರು.

“ಪವಿ? ಪವಿ! ಊಟ ಆಯ್ತಾ?”

ಅಣ್ಣ ಕಟ್ಟಿದ ಕೈ ಬಿಚ್ಚಿದ.

ನಾನು ಪವಿಯ ಬೆನ್ನು ಮುಟ್ಟಿದೆ. ಅವಳು ರಿಸೀವರನ್ನು ಎರಡೂ ಕೈಯಲ್ಲಿ ಹಿಡಿದು, ಒಂದೊಂದೇ ಅಕ್ಷರ ಬಿಡಿಸಿ ಹೇಳಿದಳು, “ಪ್ರೋಫೆ. ಮೆ ಆಸೆಸ್ ಫಾಲ್ತಾ.”

ಲೈನು ಕಟ್ಟಾಯಿತು ಅಂದುಕೊಂಡೆ. ಆಗ ಬಂತು ದನಿ, ತುಂಬ ಮೆತ್ತಗೆ. “ಇ ತು ಅ ಮಿ, ಇಹಾ. ಇ ತು ಅ ಮಿ.”

“ಏನಂದ್ರು?” ಅಂದ ಅಣ್ಣ.

“ನಂಗೂ ಹಂಗೇ ಆಗ್ತದೆ ಮಗಳೇ ಅಂದ್ರು.”

“ಮಗಳೇ ಅಂದ್ರಾ?”

“ಇಹಾ ಅಂದ್ರೆ ಮಗಳು ಅಪ್ಪ. ನಮ್ಮನ್ನೆಲ್ಲ ಹಂಗೇ ಕರೀತಿದ್ದಿದ್ದು.”

ಅಣ್ಣ ರಿಸೀವರಿಗೆ ಕೈ ಚಾಚಿದ. ಅವಳ ಕೈಯಿಂದ ಇಸಿದುಕೊಂಡ. ಕಿವಿಗೆ ಇಟ್ಟುಕೊಂಡ. ಫೋನಿನಲ್ಲಿ ಅವನು “ಹೂಂ” ಬಿಟ್ಟು ಬೇರೆ ಮಾತಾಡಿದ್ದನ್ನು ನಾನು ಕಂಡೇ ಇರಲಿಲ್ಲ.

“ಸಾರ್, ನಮಸ್ಕಾರ. ನಾನು ಪವಿ ತಂದೆ.”

“ಪಾಪಾ! ಪಾಪಾ ದೆ ಪವಿ!” ಆ ಕಡೆ ಸಂಭ್ರಮವೋ ಸಂಭ್ರಮ. ಆಮೇಲೆ ಪುಂಖಾನುಪುಂಖ ಸ್ಪ್ಯಾನಿಶ್. ಅಣ್ಣ ಎಲ್ಲದಕ್ಕೂ “ಹೂಂ ಸಾರ್, ಹೂಂ ಸಾರ್” ಅಂದ. ಕೊನೆಗೆ ಏನು ಹೇಳಬೇಕು ಅಂತ ಗೊತ್ತಾಗದೆ ಅವನೂ ಕೇಳಿದ, “ನಿಮ್ದು ಊಟ ಆಯ್ತಾ?”

ಅಲ್ಲಿ ಬೆಳಿಗ್ಗೆ ಅಂತ ಹೇಳುವಷ್ಟು ಕಲ್ಲುಮನಸ್ಸು ನನಗಿರಲಿಲ್ಲ.

ರಿಸೀವರ್ ಮತ್ತೆ ಪವಿಗೆ ಬಂತು. ಅವರು ಏನೋ ಕೇಳಿದರು. ಪವಿ ತಲೆ ತಗ್ಗಿಸಿದಳು. “ನೋ ಪ್ರೋಫೆ. ನೋ ಪ್ಲೇ,” ಅಂದಳು. ಆಗ ಕೇಳಬೇಕಿತ್ತು ಆ ದನಿ! ಅರವತ್ತು ದಾಟಿದ ಮನುಷ್ಯ ಭೂಮಿಯ ಆಚೆ ಬದಿಯಿಂದ ಬೈದದ್ದಕ್ಕೆ ಬೂತಿನ ಗಾಜು ಗಡಗಡ ಅಂತು. ಪವಿ ಬೈಸಿಕೊಳ್ಳುತ್ತಾ ಬೈಸಿಕೊಳ್ಳುತ್ತಾ ನಗತೊಡಗಿದಳು. ಕಣ್ಣಲ್ಲಿ ನೀರು, ಬಾಯಲ್ಲಿ ನಗು. “ಸೀ ಪ್ರೋಫೆ, ಸೀ ಪ್ರೋಫೆ” ಅಂದಳು. ಹೌದು ಮೇಷ್ಟ್ರೇ, ಹೌದು ಮೇಷ್ಟ್ರೇ.

ಹೊರಗೆ ಬಂದ ಮೇಲೆ ಕೇಳಿದೆ, “ಅಷ್ಟೊತ್ತು ಏನೇ ಬೈದದ್ದು?”

“ಎಲ್ಲ ಗೊತ್ತಾಗ್ಲಿಲ್ಲ ಅತ್ತೆ. ನಾನಿಲ್ಲ ಅಂತ ಚೆಂಡು ಗಾಳೀಲಿ ನಿಂತ್ಕೊಳಲ್ಲ, ಹೋಗಿ ಎತ್ತು ಅಂದ್ರು.”

ಬಸ್ಸು ಸಾಲಿಗ್ರಾಮಕ್ಕೆ ಬಂದಾಗ ಇಳಿಯುತ್ತಾ ಅಣ್ಣ ಹೇಳಿದ, “ಭಾನ್ವಾರ ಬರೋರ್ಗೆ ಬ್ಯಾಡ ಅಂತ ಏಳ್ತೀನಿ. ಅವ್ಳು ಮೈಸೂರ್ಗೆ ಓಗ್ಲಿ.”

“ಊರಿನವರು?” ಅಂದೆ.

“ಗೊಬ್ರ ಬೇಕಾರೆ ಬತ್ತಾರೆ. ಬ್ಯಾಡ್ದಿದ್ರೆ ಬುಡ್ಲಿ.”

ಪವಿ ಹಾಸ್ಟೆಲಿಗೆ ಹೋದಳು. ಹೊಸ ಕೋಚ್ ಹತ್ತಿರ ಕ್ಷಮೆ ಕೇಳಿದಳು. ಅವರೂ ಕೆಟ್ಟವರೇನಲ್ಲ. ಮೊದಲು ಹೊರಗೆ ಕೂರಿಸಿದರು, ಆಮೇಲೆ ಕೈ ನೋಡಿದರು, ಆಮೇಲೆ ಒಳಗೆ ಕರೆದರು.

ಇನ್ನು ಕಳೆದ ಭಾನುವಾರಕ್ಕೆ ಬರೋಣ. ಪಿರಿಯಾಪಟ್ಟಣದ ಮೈದಾನ. ಮಹಿಳೆಯರ ವಾಲಿಬಾಲ್ ಪಂದ್ಯಾವಳಿಯ ಫೈನಲ್. ಮಧ್ಯಾಹ್ನದ ಬಿಸಿಲು. ಸುತ್ತಲೂ ಜನ. ಮರದ ಮೇಲೆ ಜನ, ಟ್ರ್ಯಾಕ್ಟರ್ ಮೇಲೆ ಜನ. ಸಾಲಿಗ್ರಾಮದವರು, ಹುಣಸೂರಿನವರು, ಕೋಟೆಯವರು ಎಲ್ಲ ಬಂದಿದ್ದರು. ಆಟ ನೋಡಲು ಬಂದವರೆಷ್ಟೋ, ‘ಆ ಹುಡುಗಿ’ಯನ್ನು ನೋಡಲು ಬಂದವರೆಷ್ಟೋ. ಅಣ್ಣ ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿ ನನ್ನ ಪಕ್ಕ ಕೂತಿದ್ದ. ಮಗಳ ಆಟ ನೋಡಲು ಅವನು ಬಂದದ್ದು ಅದೇ ಮೊದಲ ಸಲ.

ಎದುರಿನವರು ಕರಾವಳಿಯ ಕಡೆಯ ಟೀಮು. ಒಬ್ಬೊಬ್ಬಳೂ ತೆಂಗಿನ ಮರ. ಮೊದಲ ಎರಡು ಸೆಟ್ ಅವರದೇ. ಅಣ್ಣ ಕೂತಲ್ಲೇ ಸಣ್ಣಗಾಗುತ್ತಿದ್ದ. ಮೂರನೆಯದು ನಮಗೆ ಬಂತು. ನಾಲ್ಕನೆಯದೂ ಬಂತು. ಪವಿ ಎತ್ತಿಕೊಟ್ಟ ಚೆಂಡು ಅಂಗೈಯಲ್ಲಿ ಇಟ್ಟ ಹಾಗೆ ಬಲೆಯ ಮೇಲೆ ಬಂದು ನಿಲ್ಲುತ್ತಿತ್ತು. ಹೊಡೆಯುವವರು ಹೊಡೆದರು. ಐದನೇ ಸೆಟ್ ಕೊನೆಯವರೆಗೂ ಸಮಸಮ.

ಕೊನೆಗೆ ನಮಗೆ ಒಂದೇ ಒಂದು ಪಾಯಿಂಟು ಬೇಕು.

ಚೆಂಡು ಹಿಂದಿನಿಂದ ಪವಿಯ ಕಡೆ ಬಂತು. ಅವಳು ಎಂದಿನಂತೆ ಎರಡೂ ಕೈ ಎತ್ತಿದಳು. ನಮ್ಮ ಹೊಡೆಯುವವಳು ಆಗಲೇ ಗಾಳಿಯಲ್ಲಿದ್ದಳು. ಆಚೆಯ ಮೂವರೂ ಅವಳನ್ನು ತಡೆಯಲು ಹಾರಿದರು. ಪವಿ ಚೆಂಡನ್ನು ಎತ್ತಿಕೊಡಲೇ ಇಲ್ಲ. ಎಡಗೈಯ ಬೆರಳ ತುದಿಯಿಂದ ಮೆಲ್ಲಗೆ ಆಚೆಗೆ ತಳ್ಳಿದಳು. ಮಗುವಿನ ಕೆನ್ನೆ ತಟ್ಟಿದ ಹಾಗೆ. ಅದು ಬಲೆಯ ಆಚೆ, ಯಾರೂ ಇಲ್ಲದ ಕಡೆ, ಟಪ್ ಅಂತ ಬಿತ್ತು.

ಒಂದು ಕ್ಷಣ ಯಾರಿಗೂ ಗೊತ್ತಾಗಲಿಲ್ಲ. ಆಮೇಲೆ ಪಿರಿಯಾಪಟ್ಟಣವೇ ಎದ್ದು ನಿಂತಿತು.

ನಾನು ಏನು ಕೂಗಿದೆನೋ ನನಗೆ ನೆನಪಿಲ್ಲ. ಮಾರನೇ ದಿನ ಕ್ಲಾಸಿನಲ್ಲಿ ದನಿ ಹೊರಡಲಿಲ್ಲ.

ಕಪ್ಪು ಕೊಟ್ಟರು. ಪವಿಗೆ ಉತ್ತಮ ಆಟಗಾರ್ತಿ ಬಹುಮಾನ. ಸಂಘಟಕರು ಮೈಕ್ ಹಿಡಿದು, “ಎರಡು ಮಾತಾಡಮ್ಮ” ಅಂದರು. ಇಂಥಾ ಕಡೆ ಹುಡುಗಿಯರು ಏನು ಹೇಳುತ್ತಾರೆ? ಎಲ್ಲರಿಗೂ ಧನ್ಯವಾದ ಅಂದು ಓಡಿಬರುತ್ತಾರೆ. ಪವಿ ಮೈಕ್ ಕೈಗೆ ತೆಗೆದುಕೊಂಡಳು.

“ನಂಗೆ ಈ ಆಟ ಕಲಿಸಿದ ಮೇಷ್ಟ್ರು ಇವತ್ತು ಇಲ್ಲಿಲ್ಲ. ಅವ್ರು ತುಂಬಾ ದೂರ ಇದ್ದಾರೆ. ಅವ್ರಿಲ್ದೆ ನಂಗೊಂದು ಕೊರತೆ ಐತೆ. ಅವ್ರ್ ಭಾಷೇಲಿ ಹೇಳ್ತೀನಿ. ಮೆ ಆಸೆಸ್ ಫಾಲ್ತಾ, ಪ್ರೋಫೆ.”

ಹಿಂದಿನಿಂದ ಯಾವನೋ ಒಬ್ಬ ಸಿಳ್ಳೆ ಹೊಡೆದ. “ಏನೋ ಆಸೆಯಂತೆ ಕಣ್ಲಾ!” ಅಂದ. ಅಲ್ಲೊಂದು ಕಿಸಕ್, ಇಲ್ಲೊಂದು ಕಿಸಕ್. ಪವಿಯ ಮುಖ ಕೆಂಪಾಯಿತು. ಮೈಕ್ ಹಿಡಿದ ಕೈ ಕೆಳಗಿಳಿಯಿತು.

ನನ್ನ ಪಕ್ಕದಲ್ಲಿ ಏನೋ ಅಲುಗಾಡಿದಂತಾಯಿತು. ನೋಡಿದರೆ ಅಣ್ಣ ಬೆಂಚಿನ ಮೇಲೆ ಹತ್ತಿ ನಿಂತಿದ್ದಾನೆ. ಮಾತು ಕಮ್ಮಿಯ ನನ್ನಣ್ಣ. ಸಾಲಿಗ್ರಾಮದ ಗೊಬ್ಬರದ ಅಂಗಡಿ ಮಹದೇವಪ್ಪ.

“ಇನ್ನೊಂದ್ ಸಲ ಏಳವ್ವ!” ಅಂತ ಕೂಗಿದ. “ಜೋರಾಗ್ ಏಳು! ಇಂದ್ಗಡೆ ಕುಂತಿರೋರ್ಗೆ ಕೇಳಿಸ್ನಿಲ್ಲ!”

ಕಿಸಕ್ ಅಂದವರು ತಿರುಗಿ ನೋಡಿದರು. ಅವನ ಮುಖ ನೋಡಿ ಬಾಯಿ ಮುಚ್ಚಿಕೊಂಡರು.

ಪವಿ ಮೈಕ್ ಎತ್ತಿದಳು. ಅಪ್ಪನನ್ನೇ ನೋಡುತ್ತಾ ಹೇಳಿದಳು. ಈ ಸಲ ಅವಳೊಬ್ಬಳೇ ಹೇಳಲಿಲ್ಲ. ಪಕ್ಕದಲ್ಲಿ ನಿಂತಿದ್ದ ಟೀಮಿನ ಹುಡುಗಿಯರೆಲ್ಲ, ಅವರೂ ಅದೇ ಮೇಷ್ಟ್ರ ಮಕ್ಕಳಲ್ಲವೇ, ಒಟ್ಟಿಗೆ ಕೂಗಿದರು. “ಮೆ ಆಸೆಸ್ ಫಾಲ್ತಾ, ಪ್ರೋಫೆ!” ಧ್ವನಿವರ್ಧಕಗಳಲ್ಲಿ ಅದು ಪಿರಿಯಾಪಟ್ಟಣದ ಮೇಲೆಲ್ಲ ಹೋಯಿತು. ಅಣ್ಣ ತಲೆಯ ಮೇಲೆ ಕೈಯೆತ್ತಿ ಚಪ್ಪಾಳೆ ಹೊಡೆದ. ಅವನ ಹಿಂದೆ ಟ್ರ್ಯಾಕ್ಟರ್ ಮೇಲಿನವರು ಹೊಡೆದರು. ಆಮೇಲೆ ಮರದ ಮೇಲಿನವರು. ಆಮೇಲೆ ಎಲ್ಲರೂ. ಸಿಳ್ಳೆ ಹೊಡೆದವನೂ ಹೊಡೆದಿರಬೇಕು, ಅಷ್ಟು ಜೋರಿತ್ತು.

ಹುಡುಗಿಯರು ಕಪ್ ಹಿಡಿದು ವ್ಯಾನಿನಲ್ಲಿ ಹಾಡುತ್ತಾ ಮೈಸೂರಿಗೆ ಹೋದರು. ನಾನೂ ಅಣ್ಣನೂ ಹುಣಸೂರಿನ ಬಸ್ಸು ಹತ್ತಿದೆವು. ಅವನು ಕಿಟಕಿ ಪಕ್ಕ, ನಾನು ಈಚೆ. ಕೂಗಿ ಕೂಗಿ ಇಬ್ಬರಿಗೂ ಗಂಟಲು ಕೂತಿತ್ತು. ಅರ್ಧ ದಾರಿ ಕಳೆಯಿತು.

“ನೀನ್ ಮದ್ವೆಯಾಗಿ ಹುಣ್ಸೂರ್ಗೆ ಹೋದೆಯಲ್ಲ,” ಅಂದ, ಕಿಟಕಿಯ ಆಚೆ ನೋಡುತ್ತಲೇ. “ಆಗ ಮನೆ ಬಿಕೋ ಅಂತಿತ್ತು ಕಣವ್ವ.”

ನಮ್ಮ ಕಡೆಯ ಗಂಡಸರ ರೀತಿಯೇ ಇದು. ಬಿಕೋ ಅನ್ನುವುದು ಯಾವಾಗಲೂ ಮನೆ. ಗೋಡೆ, ಜಂತೆ, ಹಜಾರ. ಅವರಲ್ಲ.

“ಮನೆನಾ ಅಣ್ಣ?” ಅಂದೆ.

ಬಸ್ಸು ಒಂದು ತಿರುವು ದಾಟಿತು.

“ಮನೆಯಲ್ಲ ಬುಡು,” ಅಂದ. “ನಂಗೇ.”

ಇಪ್ಪತ್ತು ವರ್ಷ ಒಳಗೇ ಇದ್ದ ಮಾತು ಪಿರಿಯಾಪಟ್ಟಣದ ಬಸ್ಸಿನಲ್ಲಿ ಹೊರಗೆ ಬಂತು. ಈಗ ನೀವೇ ಹೇಳಿ, ಅವತ್ತು ಗೆದ್ದದ್ದು ಕಪ್ ಹಿಡಿದು ವ್ಯಾನಿನಲ್ಲಿ ಹೋದ ಟೀಮು ಒಂದೇನಾ?